"ಇದನ್ನ ಯಾರು ಬೇಕಾದ್ರೂ ಬಾರಿಸ್ತಾರೆ" ಅನ್ನೋರಿಗೆ

1/7
"ಇಷ್ಟೇನಾ? ಇದನ್ನ ಯಾರು ಬೇಕಾದ್ರೂ ಬಾರಿಸ್ತಾರೆ ಗುರು."

ಮೋ ಟಕ್ಕರ್ ಡ್ರಮ್ಸ್ ಬಾರಿಸೋ ವಿಡಿಯೊ ಸ್ಟೋರಿಗೆ ಹಾಕಿದಾಗೆಲ್ಲ ಬರೋ ರಿಪ್ಲೈ ಇದು. ಕಳಿಸೋರಲ್ಲಿ ಅರ್ಧ ಜನ ನಮ್ಮ ಕ್ಲಾಸಿನವರೇ. ಹೆಸರು ಹೇಳಲ್ಲ, ಹೆದರ್ಬೇಡಿ. ಆದ್ರೆ ಜಗಳ ಮಾಡ್ದೆ ಬಿಡಲ್ಲ. ಒಟ್ಟು ಏಳು ಭಾಗ. ಪೂರ್ತಿ ಓದಿ, ಆಮೇಲೆ ಬೈರಿ.

ನನ್ನ ವಾದ ಒಂದೇ. ಸರಳವಾಗಿರೋದೆಲ್ಲ ಸುಲಭ ಅಲ್ಲ. ಒಬ್ಬರ ಕೆಲಸಾನ "ಅಯ್ಯೋ, ಅಷ್ಟೇ ತಾನೆ" ಅಂತ ನಾವು ಅಗ್ಗ ಮಾಡಿದ್ರೆ, ಅದರ ಬೆಲೆ ತೆರೋದು ನಾವಲ್ಲ, ಅವರು.

2/7
ಗೊತ್ತಿಲ್ಲದವರಿಗೆ: ಮೋ, ಅಂದ್ರೆ ಮೌರೀನ್ ಟಕ್ಕರ್, 1960ರ ದಶಕದ ನ್ಯೂಯಾರ್ಕ್ ಬ್ಯಾಂಡ್ ವೆಲ್ವೆಟ್ ಅಂಡರ್‌ಗ್ರೌಂಡ್‌ನ ಡ್ರಮ್ಮರ್. ಹುಟ್ಟಿದ್ದು 1944ರಲ್ಲಿ. ಬೆಳೆದಿದ್ದು ಲಾಂಗ್ ಐಲ್ಯಾಂಡ್‌ನ ಲೆವಿಟೌನ್‌ನಲ್ಲಿ. ಡ್ರಮ್ಸ್ ಶುರು ಮಾಡಿದ್ದು 19ನೇ ವಯಸ್ಸಿಗೆ. ಮೇಷ್ಟ್ರೂ ಇಲ್ಲ, ಕ್ಲಾಸೂ ಇಲ್ಲ. ಬೋ ಡಿಡ್ಲಿ ಮತ್ತು ನೈಜೀರಿಯಾದ ಬಾಬಾತುಂಡೆ ಒಲಾತುಂಜಿಯ ರೆಕಾರ್ಡು ಕೇಳಿ ಕೇಳಿ ಕೈ ಪಳಗಿಸಿಕೊಂಡಿದ್ದು. ಹೊಟ್ಟೆಪಾಡಿಗೆ ಐಬಿಎಂನಲ್ಲಿ ಕೀಪಂಚ್ ಆಪರೇಟರ್, ಅಂದ್ರೆ ಕಂಪ್ಯೂಟರಿಗೆ ಹಾಕೋ ಕಾರ್ಡುಗಳಲ್ಲಿ ತೂತು ಹೊಡೆಯೋ ಕೆಲಸ.

1965ರ ಕೊನೇಲಿ ಬ್ಯಾಂಡಿಗೆ ಮೊದಲ ಸಲ ದುಡ್ಡು ಕೊಡೋ ಶೋ ಸಿಕ್ತು. ನ್ಯೂಜೆರ್ಸಿಯ ಒಂದು ಹೈಸ್ಕೂಲಿನಲ್ಲಿ, ಎಲ್ಲರಿಗೂ ಸೇರಿ 75 ಡಾಲರ್. ಆಗಿನ ಡ್ರಮ್ಮರ್ ಆಂಗಸ್ ಮೆಕ್‌ಲೀಸ್ ದುಡ್ಡು ತಗೊಂಡು ಬಾರಿಸೋದು ತನಗೆ ಆಗಲ್ಲ ಅಂತ ಬಿಟ್ಟು ಹೋದ. ಗಿಟಾರಿಸ್ಟ್ ಸ್ಟರ್ಲಿಂಗ್ ಮಾರಿಸನ್‌ಗೆ ಗೆಳೆಯನ ತಂಗಿ ಡ್ರಮ್ಸ್ ಬಾರಿಸೋದು ಗೊತ್ತಿತ್ತು. ಬ್ಯಾಂಡಿಗೆ ಹುಡುಗಿ ಬರೋದು ಜಾನ್ ಕೇಲ್‌ಗೆ ಮೊದಲು ಇಷ್ಟ ಇರಲಿಲ್ಲ. ಆದ್ರೂ ಕರೆದ್ರು. ಡಿಸೆಂಬರ್ 11ರ ಶೋಗೆ ಮೋ ಬಂದ್ರು, ಅಲ್ಲೇ ಉಳಿದ್ರು.

3/7
ಈಗ ಆ "ಸುಲಭ"ದ ವಿಷಯ.

ಮೋ ಬೇಸ್ ಡ್ರಮ್ಮನ್ನ ಅಂಗಾತ ಮಲಗಿಸಿ, ನಿಂತ್ಕೊಂಡು, ಮ್ಯಾಲೆಟ್ ಹಿಡಿದು ಬಾರಿಸ್ತಿದ್ರು. ಕಾಲಿಗೆ ಪೆಡಲ್ ಇಲ್ಲ. ಸಿಂಬಲ್ ಮುಟ್ಟಿದ್ದೇ ಅಪರೂಪ. ಇದು ಗೊತ್ತಿಲ್ಲದೆ ಮಾಡಿದ್ದಲ್ಲ. ಆ ಬ್ಯಾಂಡಲ್ಲಿ ಒಂದು ಕಡೆ ಕೇಲ್‌ನ ವಯೋಲ ಕಿರುಚುತ್ತೆ, ಇನ್ನೊಂದು ಕಡೆ ಲೂ ರೀಡ್‌ನ ಗಿಟಾರ್ ಗರಗರ ಅನ್ನುತ್ತೆ. ಅದರ ಮೇಲೆ ಸಿಂಬಲ್ಲೂ ಬಿದ್ದಿದ್ರೆ ಬರೀ ಸಂತೆ. ಮೋ ಆರಿಸಿಕೊಂಡಿದ್ದು ಕೆಳಗಿನ ಗಟ್ಟಿ ಗುಡುಗು ಮಾತ್ರ. ಏನು ಬಾರಿಸಬಾರದು ಅಂತ ತಿಳಿದಿರೋದೂ ವಿದ್ಯೆನೇ ಕಣ್ರಪ್ಪ.

ಒಮ್ಮೆ ಡ್ರಮ್ಸ್ ಕಳುವಾದಾಗ ಹೊರಗಿದ್ದ ಕಸದ ಡಬ್ಬಗಳನ್ನ ತಂದು ಬಾರಿಸಿದ್ರು. ಎರಡು ಲಕ್ಷದ ಕಿಟ್ ಇಲ್ದೆ ಪ್ರಾಕ್ಟೀಸ್ ಆಗಲ್ಲ ಅನ್ನೋರು ಈ ಸಾಲನ್ನ ಇನ್ನೊಂದ್ಸಲ ಓದಿ.

4/7
ಹೆಡ್‌ಫೋನ್ ಹಾಕ್ಕೊಳ್ಳಿ. 1967ರ ಮೊದಲ ಆಲ್ಬಮ್‌ನ "ಹೆರಾಯಿನ್". ಏಳು ನಿಮಿಷ, ಎರಡೇ ಕಾರ್ಡ್. ಹಾಡು ಉಸಿರಿನ ಥರ ವೇಗ ಏರಿಸುತ್ತೆ, ಇಳಿಸುತ್ತೆ, ಮತ್ತೆ ಏರಿಸುತ್ತೆ. ಕ್ಲಿಕ್ ಟ್ರ್ಯಾಕ್ ಹಾಕಿ ಇದನ್ನ ಬಾರಿಸಕ್ಕಾಗಲ್ಲ. ಹಾಡೋನ ಬಾಯಿ ನೋಡ್ಕೊಂಡೇ ಬಾರಿಸಬೇಕು.

ಐದು ನಿಮಿಷ ದಾಟಿದ ಮೇಲೆ ಒಂದು ಕಡೆ ಡ್ರಮ್ಸ್ ಸುಮ್ಮನೆ ನಿಂತುಬಿಡುತ್ತೆ. ಕೆಲವರು ಅದನ್ನ ಮಹಾ ಕಲಾತ್ಮಕ ಮೌನ ಅಂತ ಹೊಗಳ್ತಾರೆ. ಮೋ ಹೇಳಿದ ಕಾರಣ ಬೇರೆ. ಆ ಗಲಾಟೇಲಿ ಬೇರೆಯವರು ಏನು ನುಡಿಸ್ತಿದ್ದಾರೆ ಅಂತಾನೇ ಕೇಳಿಸ್ತಿರಲಿಲ್ಲ. ತಾನು ನಿಲ್ಲಿಸಿದ್ರೆ ಅವರೂ ನಿಲ್ಲಿಸ್ತಾರೆ ಅಂದ್ಕೊಂಡ್ರು. ಯಾರೂ ನಿಲ್ಲಿಸಲಿಲ್ಲ. ಅದೇ ಟೇಕ್ ಆಲ್ಬಮ್‌ಗೆ ಹೋಯ್ತು.

ನನಗೆ ಮುಖ್ಯ ಅನ್ಸೋದು ಆ ಕೆಲವು ಸೆಕೆಂಡು. ನೆಲ ಕುಸಿದ ಹಾಗಾಗುತ್ತೆ. ಕಂಬ ತೆಗೆದಾಗ ತಾನೆ ಸೂರು ಹೊತ್ತಿದ್ದು ಯಾರು ಅಂತ ಗೊತ್ತಾಗೋದು?

5/7
ನಿಮ್ಮ ಮಾತಲ್ಲೂ ಸತ್ಯ ಇದೆ, ಒಪ್ತೀನಿ. ಡಬಲ್ ಬೇಸ್ ಪೆಡಲ್‌ನಲ್ಲಿ 200 ಬಿಪಿಎಂ ಹೊಡೆಯೋದು ವರ್ಷಗಳ ಸಾಧನೆ. ಮೋ ಅದನ್ನ ಮಾಡ್ತಿರಲಿಲ್ಲ. ಆದ್ರೆ ಪ್ರಶ್ನೆ ಕೈ ಎಷ್ಟು ಓಡುತ್ತೆ ಅನ್ನೋದಲ್ಲ, ಹಾಡಿಗೆ ಏನು ಬೇಕು ಅನ್ನೋದು. ಬಿರಿಯಾನಿ ಮಾಡೋನು ದೊಡ್ಡೋನು ಅಂತ ತಿಳಿಸಾರನ್ನ ಬೈಯ್ತೀರಾ?

"ಯಾರು ಬೇಕಾದ್ರೂ" ಅನ್ನೋದರ ಪರೀಕ್ಷೆ ಕೂಡ ಆಗಿದೆ. 1970ರ "ಲೋಡೆಡ್" ಆಲ್ಬಮ್ ಹೊತ್ತಿಗೆ ಮೋ ಬಸುರಿ, ಬಾರಿಸಲಿಲ್ಲ. ಅವರೊಬ್ಬರ ಜಾಗದಲ್ಲಿ ನಾಲ್ಕು ಜನ ಡ್ರಮ್ಸ್ ಮುಂದೆ ಕೂತ್ರು. ಹಾಡುಗಳು ಚೆನ್ನಾಗಿವೆ, ಸುಳ್ಳು ಹೇಳಲ್ಲ. ಆದ್ರೆ ಬರೀ ಡ್ರಮ್ಸ್ ಕೇಳಿಸಿದ್ರೆ ಅದು ಯಾವ ಬ್ಯಾಂಡು ಅಂತ ನೀವು ಹೇಳಲಾರಿರಿ. ತಮಾಷೆ ಅಂದ್ರೆ, ಕವರ್ ಮೇಲೆ ಅಚ್ಚಾಗಿದ್ದು ಮಾತ್ರ ಮೋ ಹೆಸರು!

6/7
ಈಗ ಯಾರೂ ರೀಲ್ ಮಾಡದ ಭಾಗ.

ಇವತ್ತು ಎಲ್ಲರೂ ಹೊಗಳೋ ಆ ಮೊದಲ ಆಲ್ಬಮ್ ಆಗ ಬಿಲ್‌ಬೋರ್ಡ್ ಪಟ್ಟೀಲಿ 171ಕ್ಕಿಂತ ಮೇಲೆ ಹೋಗಲಿಲ್ಲ. ಬ್ಯಾಂಡ್ ಒಡೆದ ಮೇಲೆ ಮೋ ಐದು ಮಕ್ಕಳನ್ನ ಬೆಳೆಸಿದ್ರು. 80ರ ದಶಕದಲ್ಲಿ ಜಾರ್ಜಿಯಾ ರಾಜ್ಯದ ಡಗ್ಲಸ್ ಅನ್ನೋ ಊರಲ್ಲಿ ವಾಲ್‌ಮಾರ್ಟ್ ಕೆಲಸ. ಆದ್ರೂ ಸಂಗೀತ ಬಿಡಲಿಲ್ಲ. 1981ರ ಮೊದಲ ಸೋಲೋ ಆಲ್ಬಮ್‌ನಲ್ಲಿ ಎಲ್ಲಾ ವಾದ್ಯಗಳನ್ನೂ ತಾವೇ ನುಡಿಸಿದ್ರು. 1989ರ ಆಲ್ಬಮ್‌ಗೆ ಲೂ ರೀಡ್, ಸಾನಿಕ್ ಯೂತ್‌ನವರೆಲ್ಲ ಬಂದು ನುಡಿಸಿದ್ರು. ಅದರಲ್ಲಿ ಒಂದು ಹಾಡಿನ ಹೆಸರೇ "ವರ್ಕ್". 1993ರಲ್ಲಿ ಹಳೇ ಬ್ಯಾಂಡ್ ಯುರೋಪ್ ಸುತ್ತಿತು. 1996ರಲ್ಲಿ ರಾಕ್ ಆ್ಯಂಡ್ ರೋಲ್ ಹಾಲ್ ಆಫ್ ಫೇಮ್.

"ವಾವ್, ರಿಯಲ್ ಅಂಡರ್‌ಗ್ರೌಂಡ್" ಅಂತ ಹಾರ್ಟ್ ಒತ್ತಬೇಡಿ. ಬಡತನ ಸ್ಟೈಲ್ ಅಲ್ಲ. ವಾಲ್‌ಮಾರ್ಟ್ ಕೆಲಸ ಅವಮಾನವೂ ಅಲ್ಲ. ಅವಮಾನ ಆಗಬೇಕಾದ್ದು ಆ ಸದ್ದನ್ನ ಕಾಪಿ ಹೊಡೆದು ಮೇಲೆ ಬಂದೋರಿಗೆ, ಪುಕ್ಕಟೆ ಕೇಳಿ ತಲೆ ಆಡಿಸಿದೋರಿಗೆ.

7/7
ಇದು ನಮಗ್ಯಾಕೆ? ಫೆಸ್ಟ್ ಹತ್ರ ಬಂತಲ್ಲ, ಅದಕ್ಕೆ.

1965ರಲ್ಲಿ ಕೆಫೆ ಬಿಝಾರ್ ಅನ್ನೋ ಜಾಗದಲ್ಲಿ ಡ್ರಮ್ಸ್ ಸದ್ದು ಜಾಸ್ತಿ ಆಯ್ತು ಅಂತ ಮೋ ಕೈಗೆ ಬರೀ ಟ್ಯಾಂಬರಿನ್ ಬಂತು. ಇವತ್ತೂ ಬ್ಯಾಂಡಿಗೆ ಹುಡುಗಿ ಬಂದ್ರೆ ನಾವು ಕೈಗೆ ಕೊಡೋದು ಮೈಕು, ಇಲ್ಲಾ ಟ್ಯಾಂಬರಿನ್. ಜಡ್ಜ್‌ಗಳು ನಂಬರ್ ಹಾಕೋದು ವೇಗಕ್ಕೆ. ಜೂನಿಯರ್ ಬ್ಯಾಂಡಿಗೆ ಕೊಡೋದು ಒಂದು ಪ್ಲೇಟ್ ಪಲಾವ್, ಜೊತೆಗೆ "ಎಕ್ಸ್‌ಪೋಷರ್ ಸಿಗುತ್ತೆ" ಅನ್ನೋ ಡೈಲಾಗ್. ಡಿಜೆಗೆ ಮಾತ್ರ ಅಡ್ವಾನ್ಸ್! ಈ ಸಲ ಬ್ಯಾಂಡಿಗೂ ದುಡ್ಡು ಕೊಡಿ. ಕಡಿಮೆ ಆದ್ರೂ ಪರವಾಗಿಲ್ಲ, ಕೈಗೆ ಕೊಡಿ.

ಇನ್ನೂ "ಯಾರು ಬೇಕಾದ್ರೂ ಬಾರಿಸ್ತಾರೆ" ಅನ್ನೋರಿಗೆ ಚಾಲೆಂಜ್: ಮೆಟ್ರೋನೋಮ್ ಆಫ್ ಮಾಡಿ, ಸಿಂಬಲ್ ಪಕ್ಕಕ್ಕಿಡಿ, ಪೆಡಲ್ ಬಿಡಿ. ನಿಂತ್ಕೊಂಡು "ಹೆರಾಯಿನ್" ಜೊತೆ ಏಳು ನಿಮಿಷ ಬಾರಿಸಿ. ಎಲ್ಲೂ ಫಿಲ್ ಹಾಕೋ ಹಾಗಿಲ್ಲ. ಎಡಿಟ್ ಮಾಡದೆ ಪೋಸ್ಟ್ ಮಾಡಿ, ನನ್ನ ಟ್ಯಾಗ್ ಮಾಡಿ. ಕಾಯ್ತಿರ್ತೀನಿ.

#ಮೋಟಕ್ಕರ್ #ವೆಲ್ವೆಟ್‌ಅಂಡರ್‌ಗ್ರೌಂಡ್ #ಬ್ಯಾಂಡಿಗೂದುಡ್ಡುಕೊಡಿ