ಪೋಷಕ ನಟಿಯಂತೆ!

ನನ್ನ ಬಲಗೈಯಲ್ಲಿ ಬೆರಳು ಮೂರೇ. ಉಳಿದೆರಡನ್ನ ನಾಸಿಕ್ ಜಿಲ್ಲೆಯ ಅಂಬಡ್‌ನ ಒಂದು ಶೆಡ್ಡಿನ ಪವರ್ ಪ್ರೆಸ್ ನುಂಗಿತು. ಓಡಿ ಬಂದ ಸೂಪರ್‌ವೈಸರ್ ಮೊದಲು ಡೈ ನೋಡಿದ. ಅದಕ್ಕೇನೂ ಆಗಿರಲಿಲ್ಲ. 'ಲಕ್ಷ್ಯ ಎಲ್ಲಿತ್ತು ನಿಂದು?' ಅಂದ. ಕೂಲಿಕಾರರಿಗೆ ಗಾಯವಾದರೆ ಪರಿಹಾರ ಕೊಡಿಸುವ ಕಾಯ್ದೆ 1923ರಲ್ಲೇ ಬಂದಿತ್ತಂತೆ. ಇರಲಿ ಬಿಡ್ರಿ, ಹಾಜರಿ ಪುಸ್ತಕದಾಗ ನನ್ನ ಹೆಸರೇ ಇರಲಿಲ್ಲ. ಗಾಯ ಮಾಗಿದ ಮೇಲೆ ಕಸಬರಿಗೆ ಕೊಟ್ಟರು.

ಕಸಬರಿಗೆಗೆ ಮೂರು ಬೆರಳು ಸಾಕು.

ಅದಕ್ಕೇ ನಟಿ ಲಲಿತಾ ಪವಾರ್ ಹೆಸರೆತ್ತಿದರೆ ನನಗೆ ರಕ್ತ ಕುದಿಯುತ್ತದೆ. ಇದೇ ನಾಸಿಕ್ ಜಿಲ್ಲೆಯ ಯೇವಲೆಯಲ್ಲಿ 1916ರಲ್ಲಿ ಹುಟ್ಟಿದಾಕೆ, ಹುಟ್ಟುಹೆಸರು ಅಂಬಾ. ಮೂಕಿ ಚಿತ್ರಗಳ ಕಾಲಕ್ಕೇ ನಾಯಕಿಯಾದವಳು. 1942ರಲ್ಲಿ 'ಜಂಗ್-ಎ-ಆಜಾದಿ' ಚಿತ್ರೀಕರಣದಲ್ಲಿ ಭಗವಾನ್ ದಾದಾ ಹೊಡೆಯಬೇಕಿದ್ದ ಸುಳ್ಳು ಏಟು ಖರೇನೇ ಬಿತ್ತು. ಮುಖಕ್ಕೆ ಲಕ್ವಾ ಹೊಡೆಯಿತು, ಎಡಗಣ್ಣು ಕುಗ್ಗಿತು, ಮೂರು ವರ್ಷ ಔಷಧೋಪಚಾರ. ಬೇಕಂತ ಹೊಡೆದದ್ದಲ್ಲ, ಒಪ್ಪಿದೆ. ಆದರೆ ಮುಂದಿನದು ನೋಡ್ರಿ: ಹೊಡೆದಾತ 1951ರ 'ಅಲ್ಬೇಲಾ'ದಲ್ಲಿ ನಾಯಕನಾಗಿ ಕುಣಿದ. ಹೊಡೆಸಿಕೊಂಡಾಕೆ ಅದಕ್ಕೂ ಒಂದು ವರ್ಷ ಮೊದಲೇ 'ದಹೇಜ್'ನಲ್ಲಿ ಸೊಸೆಯನ್ನು ಹಿಂಸಿಸುವ ಅತ್ತೆಯಾಗಿದ್ದಳು. ದುಡಿಯುವಾಗ ಆದ ಗಾಯವನ್ನೇ ದುಷ್ಟತನದ ಮುದ್ರೆ ಮಾಡಿ, ಅದಕ್ಕೆ ಬೆಳಕು ಬಿಟ್ಟು, ಟಿಕೆಟ್ ಹರಿದು ಮಾರಿದರು. 'ಅನಾಡಿ'ಯ ಮಿಸೆಸ್ ಡಿಸಾ ಪಾತ್ರಕ್ಕೆ ಫಿಲ್ಮ್‌ಫೇರ್ ಪ್ರಶಸ್ತಿಯನ್ನೂ ಕೊಟ್ಟರು. ಪೋಷಕ ನಟಿ!

ಯಾರನ್ನ ಪೋಷಿಸಿದಳು? ನಾಯಕಿಯ ಸಪಾಟು ಮುಖವನ್ನ. ಪಕ್ಕದಲ್ಲೊಂದು ಸೊಟ್ಟ ಮುಖವಿಲ್ಲದಿದ್ದರೆ ಆ ಚೆಲುವಿಗೆ ಬೆಲೆ ಎಲ್ಲಿಂದ ಬಂದೀತು?

ಹಾಲಿವುಡ್ ಏನು ಸಾಚಾ ಅಲ್ಲ. 'ಗಾನ್ ವಿತ್ ದ ವಿಂಡ್'ನಲ್ಲಿ ದಾಸಿಯಾಗಿದ್ದ ಹ್ಯಾಟಿ ಮ್ಯಾಕ್‌ಡೇನಿಯಲ್‌ಗೆ 1940ರಲ್ಲಿ ಪೋಷಕ ನಟಿಯ ಆಸ್ಕರ್ ಕೊಟ್ಟರು; ಕಪ್ಪು ಜನರಿಗೆ ಸಿಕ್ಕ ಮೊದಲ ಆಸ್ಕರ್. ಕೂರಿಸಿದ್ದು ಮಾತ್ರ ಗೋಡೆಯ ಬದಿಗೆ, ಬೇರೆ ಮೇಜಿನಲ್ಲಿ. ನಮ್ಮೂರ ಚಹಾದಂಗಡಿಯಲ್ಲಿ ಬೇರೆ ಬಸಿ ಇಡುತ್ತಿದ್ದರಲ್ಲ, ಹಂಗ. ಬಸಿಗೆ ಬಂಗಾರದ ಬಣ್ಣ ಬಳಿದಿದ್ದರು, ಅಷ್ಟೇ.

ಅಂಬಡ್‌ನಿಂದ ಮುಂಬಯಿ ಹೆದ್ದಾರಿಗೆ ಬಂದರೆ ಪಾಂಡವಲೇಣಿಯ ಬುಡದಲ್ಲಿ ಚಿತ್ರ ನಿರ್ದೇಶಕ ಫಾಳ್ಕೆಯವರ ಸ್ಮಾರಕ. ಅವರ 1913ರ 'ರಾಜಾ ಹರಿಶ್ಚಂದ್ರ'ದಲ್ಲಿ ತಾರಾಮತಿಯಾದವನು ಗಂಡಸು, ಖಾನಾವಳಿಯ ಅಡುಗೆಯಾತ ಸಾಳುಂಕೆ. ಬಣ್ಣ ಹಚ್ಚಿದ ಹೆಣ್ಣು ಕೆಟ್ಟವಳಂತೆ, ಅದಕ್ಕೇ ಯಾರೂ ಬರಲಿಲ್ಲವಂತೆ. ಮುಂದೆ ಹೆಣ್ಣುಮಕ್ಕಳು ಬಂದರಲ್ಲ, ಆ ಮೇಲೂ ಕೆಟ್ಟವಳೆಂಬ ಬಿರುದು ಹೋಯಿತೇನು? ಪಾತ್ರವಾಯಿತು.

1998ರ ಫೆಬ್ರವರಿಯಲ್ಲಿ ಲಲಿತಾ ಪುಣೆಯ ಮನೆಯಲ್ಲಿ ಒಬ್ಬಳೇ ಸತ್ತಳು. ಅದು ಹೊರಗೆ ತಿಳಿದದ್ದು ದಿನಗಳು ಕಳೆದ ಮೇಲೆ.

ನಾನೇನು ಸಾಚಾಳೇ? ನಮ್ಮದು ಆಳಂದದ ಕಡೆಯಿಂದ ಹೊಟ್ಟೆಪಾಡಿಗೆ ಬಂದ ಮನೆತನ. 1987ರಲ್ಲಿ ಇಡೀ ಚಾಳಿಗೆ ಒಂದೇ ಟಿವಿ. ಭಾನುವಾರ ಮುಂಜಾನೆ 'ರಾಮಾಯಣ'. ರಾಮ ಬಂದರೆ ಕೈಮುಗಿತ, ಆರತಿ. ಮಂಥರೆಯಾಗಿ ಈಕೆ ಬಂದರೆ, ಆ ಕಣ್ಣು ಕಂಡರೆ ಸಾಕು, ಹೆಂಗಸರೆಲ್ಲ ಶಾಪ ಹಾಕುವವರೇ. ಈಗ ಗಲ್ಲಿಯ ಹುಡುಗರು ನನ್ನ ಕೈ ನೋಡಿ 'ಚೇಟಕೀಣ್', ಅಂದರೆ ಮಾಟಗಾತಿ, ಅಂತ ಕೂಗಿ ಓಡುತ್ತಾರೆ. ಬೈಯಲು ಬಾಯಿ ಬರುವುದಿಲ್ಲ.

ಅವತ್ತು ಅವ್ವನ ತೊಡೆಯ ಮೇಲೆ ಕೂತು ಮಂಥರೆಗೆ ನಾನೂ ಲಟಿಕೆ ಮುರಿದಿದ್ದೆ. ಹತ್ತೂ ಬೆರಳಿಂದ.