ಪೋಷಕ ನಟನನ್ನು ಪೋಷಿಸುವವರು ಯಾರು?

ಚಿತ್ರೋದ್ಯಮದ ಧಣಿಗಳು ಒಂದು ವರ್ಗದ ನಟರಿಗೆ 'ಪೋಷಕ ನಟ' ಎಂದು ಹೆಸರಿಟ್ಟಿದ್ದಾರೆ. ಹೆಸರೇನೋ ದೊಡ್ಡದು. ನಾಯಕನ ತಂದೆಯಾಗಿ, ಊರ ಗೌಡನಾಗಿ, ಬಡ್ಡಿ ಸಾಹುಕಾರನಾಗಿ, ಮನೆಯಾಳಾಗಿ, ಮೇಷ್ಟ್ರಾಗಿ ನಿಂತು ಚಿತ್ರವನ್ನು ಹೆಗಲ ಮೇಲೆ ಹೊತ್ತು ಸಾಕುವವನು ಇವನೇ. ಹಾಗಾದರೆ ಇವನನ್ನು ಸಾಕುವವರು ಯಾರು? ಮೈಯಲ್ಲಿ ಕಸುವಿರುವ ತನಕ ಕರೆದು ದುಡಿಸಿಕೊಂಡು, ಕಸುವು ಕುಗ್ಗಿದ ದಿನ ಕರೆಯುವುದನ್ನೇ ಮರೆಯುವ ಉದ್ಯಮದಲ್ಲಿ 'ಪೋಷಕ' ಎಂಬುದು ಬಿರುದಲ್ಲ, ಅಣಕ.

ಈ ಮಾತನ್ನು ಎತ್ತಲು ಕಾರಣವುಂಟು. ೨೦೨೫ರ ಆಗಸ್ಟ್ ತಿಂಗಳಲ್ಲಿ ಬೆಂಗಳೂರಿನ ಕೆಂಗೇರಿ ಬಳಿಯ ಅಭಿಮಾನ್ ಸ್ಟುಡಿಯೋದಲ್ಲಿದ್ದ ವಿಷ್ಣುವರ್ಧನರ ಸಮಾಧಿಯನ್ನು ಕೆಡವಲಾಯಿತು. ಅಭಿಮಾನಿಗಳು ಬೀದಿಗಿಳಿದರು. ಆ ಜಾಗವನ್ನು ಕೊಟ್ಟಾಗ ಹಾಕಿದ ಷರತ್ತು ಮುರಿದಿದೆ, ಅದನ್ನು ವಾಪಸು ಪಡೆಯಬೇಕು ಎಂದು ಸರ್ಕಾರ ಎಚ್ಚೆತ್ತಿತು. ಸಮಾಧಿ ಯಾರದು, ಜಾಗ ಯಾರದು, ಬೆಲೆ ಎಷ್ಟು, ಇದೇ ಚರ್ಚೆ. ಇಷ್ಟು ಗದ್ದಲದಲ್ಲಿ ಒಂದು ಮಾತನ್ನು ಕೇಳಿದವರು ಕಡಿಮೆ: ಆ ಸ್ಟುಡಿಯೋವನ್ನು ಕಟ್ಟಿದವನು ಯಾರು? ಏಕೆ ಕಟ್ಟಿದ? ಕಟ್ಟಿ ಏನು ಪಡೆದ?

ಕಟ್ಟಿದವರು ಟಿ.ಎನ್. ಬಾಲಕೃಷ್ಣ. ಕನ್ನಡಿಗರ ಬಾಲಣ್ಣ. ಅರಸೀಕೆರೆಯ ಬಡ ಮನೆಯ ಹುಡುಗ; ಕಿವಿ ಕೇಳುತ್ತಿರಲಿಲ್ಲ. ಮಾತನ್ನೇ ನಂಬಿದ ಕಸುಬಿಗೆ ಕಿವಿಯಿಲ್ಲದವನು ಬಂದು ನಿಂತ. ಎದುರಿನವರ ತುಟಿಯ ಚಲನೆ ನೋಡಿ ತನ್ನ ಮಾತಿನ ಸರದಿಯನ್ನು ತಿಳಿಯುತ್ತಿದ್ದ. ನಾಟಕ ಕಂಪೆನಿಯಲ್ಲಿ ಪಳಗಿ, ೧೯೪೩ರ 'ರಾಧಾರಮಣ' ಚಿತ್ರದಿಂದ ತೆರೆಗೆ ಬಂದು, ೧೯೯೫ರ ಜುಲೈ ೧೯ರಂದು ಕಣ್ಣು ಮುಚ್ಚುವ ಮೊದಲು ೫೦೦ಕ್ಕೂ ಹೆಚ್ಚು ಚಿತ್ರಗಳಲ್ಲಿ ದುಡಿದ. ಲೋಭಿ, ಕುತಂತ್ರಿ, ಶಾನುಭೋಗ, ಸಾಹುಕಾರ, ಯಾವ ವೇಷ ಕೊಟ್ಟರೂ ಜನ ನಂಬಿದರು. ಆತ ತೆರೆಯ ಮೇಲೆ ಬಂದರೆ ನಮ್ಮ ಹೆಂಗಸರು ಶಪಿಸುತ್ತಿದ್ದರು. ನಟನಿಗೆ ಅದಕ್ಕಿಂತ ದೊಡ್ಡ ಸರ್ಟಿಫಿಕೇಟು ಬೇಡ. ೧೯೭೨ರ 'ಬಂಗಾರದ ಮನುಷ್ಯ'ದಲ್ಲಿ ಆತನೇ ರಾಚೂಟಪ್ಪನಾಗಿ ಬಂದಾಗ ಅದೇ ಜನ ಕೈಯೆತ್ತಿ ಮುಗಿದರು. ಚಿತ್ರ ಬೆಂಗಳೂರಿನ ಸ್ಟೇಟ್ಸ್ ಚಿತ್ರಮಂದಿರದಲ್ಲಿ ಎರಡು ವರ್ಷ ಓಡಿತು. ಓಡಿದ ಚಿತ್ರದ ಹಣ ಎಲ್ಲಿಗೆ ಹೋಯಿತೋ, ರಾಚೂಟಪ್ಪನಿಗೆ ಅದರಲ್ಲಿ ಪಾಲಿರಲಿಲ್ಲ. ಪೋಷಕ ನಟನಿಗೆ ಇರುವುದು ಕರೆದ ದಿನಗಳ ಕೂಲಿ. ಚಿತ್ರ ಎಷ್ಟು ವಾರ ಓಡಿದರೂ ಆ ಕೂಲಿ ಬೆಳೆಯುವುದಿಲ್ಲ. ಹಳ್ಳಿಯಿಂದ ಬಂದ ಹತ್ತಿಯನ್ನು ತೂಗಿ ದುಡ್ಡು ಕೊಟ್ಟು ಕಳಿಸಿದ ಮೇಲೆ, ಬಟ್ಟೆಯ ಲಾಭದಲ್ಲಿ ರೈತನಿಗೆ ಪಾಲುಂಟೇ? ಹಾಗೆಯೇ ಇದು.

ಆದರೆ ಬಾಲಣ್ಣ ಕೈಕಟ್ಟಿ ಕೂತವರಲ್ಲ. ಹೆಚ್ಚಿನ ಕನ್ನಡ ಚಿತ್ರಗಳು ಮದರಾಸಿನಲ್ಲಿ ತಯಾರಾಗುತ್ತಿದ್ದ ಕಾಲವದು. ಕನ್ನಡ ನಟನಿಗೆ ವರ್ಷದಲ್ಲಿ ಕೆಲವೇ ದಿನ ಕೆಲಸ, ಉಳಿದ ದಿನ ಪರಊರಿನ ಬಾಡಿಗೆ ಕೋಣೆಯಲ್ಲಿ ಉಪವಾಸ. ಆಗ ರಾಜಕುಮಾರ್, ಜಿ.ವಿ. ಅಯ್ಯರ್, ನರಸಿಂಹರಾಜು ಮತ್ತು ಬಾಲಕೃಷ್ಣ ಸೇರಿ ಕಲಾವಿದರ ಸಂಘ ಕಟ್ಟಿದರು. ಊರೂರು ತಿರುಗಿ ನಾಟಕವಾಡಿದರು. ಹಣ ಕೂಡಿಸಿ ೧೯೬೦ರಲ್ಲಿ 'ರಣಧೀರ ಕಂಠೀರವ' ಚಿತ್ರವನ್ನು ತಾವೇ ತಯಾರಿಸಿದರು. ಕಾರ್ಮಿಕ ಬಂಧುಗಳು ಇದನ್ನು ಗಮನಿಸಬೇಕು. ಕೆಲಸವಿಲ್ಲದ ನಾಲ್ವರು ದುಡಿಮೆಗಾರರು ಧಣಿಯ ಬಾಗಿಲು ಕಾಯದೆ ತಮ್ಮ ಕೆಲಸವನ್ನು ತಾವೇ ಹುಟ್ಟಿಸಿಕೊಂಡರು. ಇವರಲ್ಲಿ ಒಬ್ಬರು ನಾಯಕ ನಟ, ಇಬ್ಬರು ಪೋಷಕ ನಟರು, ಇನ್ನೊಬ್ಬರು ಬರೆಯುವವರೂ ಹೌದು. ಆ ಹೊತ್ತಿನಲ್ಲಿ ನಾಯಕನೆಂದೂ ಪೋಷಕನೆಂದೂ ಪಂಕ್ತಿಭೇದವಿರಲಿಲ್ಲ. ಪಂಕ್ತಿಭೇದ ಬಂದದ್ದು ಹಣ ಬಂದ ಮೇಲೆ.

ಅದೇ ಬಾಲಣ್ಣನಿಗೆ ಇನ್ನೊಂದು ಹಟ ಹುಟ್ಟಿತು: ಕನ್ನಡ ಚಿತ್ರಕ್ಕೆ ಕನ್ನಡ ನೆಲದಲ್ಲೇ ಸ್ಟುಡಿಯೋ ಬೇಕು. ೧೯೭೦ರ ಸುಮಾರಿಗೆ ಸರ್ಕಾರ ೨೦ ಎಕರೆ ಜಾಗ ಕೊಟ್ಟಿತು, ಸ್ಟುಡಿಯೋಗೆಂದೇ. ಕೊಟ್ಟು ಕೈತೊಳೆದುಕೊಂಡಿತು. ಜಾಗ ಕೊಟ್ಟರಾಯಿತೇ? ಯಂತ್ರ ಬೇಡವೇ, ಕ್ಯಾಮೆರಾ ಬೇಡವೇ, ದೀಪ ಬೇಡವೇ, ಆಳು ಬೇಡವೇ? ಬಾಲಣ್ಣ ಸಾಲದ ಮೇಲೆ ಸಾಲ ಮಾಡಿದರು. ಮುಖಕ್ಕೆ ಬಣ್ಣ ಹಚ್ಚಿ ಗಳಿಸಿದ್ದನ್ನೆಲ್ಲ ಅದಕ್ಕೇ ಸುರಿದರು. ನಾಲ್ವರು ಕೂಡಿ ಗೆದ್ದ ಕೆಲಸವನ್ನು ಒಬ್ಬನ ಹೆಗಲಿಗೆ ಹೊರಿಸಿದರೆ ಏನಾಗಬೇಕೋ ಅದೇ ಆಯಿತು. ಕೋಟಿ ಎಣಿಸುವ ಉದ್ಯಮ ದೂರ ನಿಂತು ನೋಡಿತು. ಬಾಲಣ್ಣ ಹೋದ ಮೇಲೆ, ಉಳಿದದ್ದನ್ನು ಅಭಿವೃದ್ಧಿ ಮಾಡುವ ನೆಪದ ಮೇಲೆ ೨೦೦೪ರಲ್ಲಿ ೧೦ ಎಕರೆ ಮಾರಲು ಸರ್ಕಾರವೇ ಅನುಮತಿ ಕೊಟ್ಟಿತು. ಸ್ಟುಡಿಯೋ ಉದ್ಧಾರವಾಗಲಿಲ್ಲ, ನೆಲದ ಬೆಲೆ ಮಾತ್ರ ಏರಿತು.

ಈಗ ಮೂರು ಬಗೆಯ ವಾದಗಳು ಕೇಳಿಬರುತ್ತಿವೆ. ಒಂದೊಂದನ್ನೂ ಪರಿಶೀಲಿಸೋಣ.

ಮೊದಲನೆಯದು, ಅಲ್ಲಿ ನಾಯಕನ ಸ್ಮಾರಕವಾಗಲಿ ಎಂಬುದು. ವಿಷ್ಣುವರ್ಧನರ ಮೇಲೆ ಜನರಿಟ್ಟ ಪ್ರೀತಿ ಸಾಚಾ. ಅದನ್ನು ಹಳಿಯುವವರು ನಾವಲ್ಲ. ಆದರೆ ಅವರಿಗೆ ಮೈಸೂರಿನಲ್ಲಿ ಸರ್ಕಾರವೇ ಕಟ್ಟಿಸಿದ ಸ್ಮಾರಕ ೨೦೨೩ರಲ್ಲಿ ತೆರೆದಿದೆ. ಸರ್ಕಾರದ್ದೇ ಆದ ಕಂಠೀರವ ಸ್ಟುಡಿಯೋದಲ್ಲಿ ರಾಜಕುಮಾರ್, ಅಂಬರೀಷ್, ಪುನೀತ್ ಮೂವರ ಸಮಾಧಿಗಳಿವೆ. ಸತ್ತ ನಾಯಕನಿಗೆ ಜಾಗ ಹುಡುಕುವಾಗ ಎಲ್ಲ ಪಕ್ಷಗಳೂ ಒಂದಾಗುತ್ತವೆ. ಬದುಕಿರುವ ಮುದಿ ನಟನಿಗೆ ಒಂದು ಸೂರು ಹುಡುಕುವಾಗ ಈ ಒಗ್ಗಟ್ಟು ಎಲ್ಲಿ ಹೋಗುತ್ತದೆ?

ಎರಡನೆಯದು, ಆಸ್ತಿ ಯಾರ ಹೆಸರಿನಲ್ಲಿದೆಯೋ ಅವರ ಇಷ್ಟ ಎಂಬುದು. ಇದನ್ನು ನಾವು ಒಪ್ಪುವುದಿಲ್ಲ. ಸಾರ್ವಜನಿಕರ ಜಾಗವನ್ನು ಒಂದು ಉದ್ದೇಶಕ್ಕೆ ಕೊಟ್ಟ ಮೇಲೆ, ಉದ್ದೇಶ ಸತ್ತರೆ ಜಾಗ ಸಾರ್ವಜನಿಕರಿಗೇ ಮರಳಬೇಕು. ಆದರೆ ಮರಳಿ ಪಡೆದ ಸರ್ಕಾರ ಅದನ್ನು ಏನು ಮಾಡುತ್ತದೆ ಎಂಬುದನ್ನೂ ನಾವು ಕೇಳಲೇಬೇಕು. ಸಾಲದಲ್ಲಿ ಮುಳುಗಿದ ಕಲಾವಿದನ ಕೈಯಿಂದ ಕಿತ್ತು ಕಂಟ್ರಾಕ್ಟುದಾರನ ಕೈಗೆ ಹಾಕಿದರೆ ನ್ಯಾಯ ಮಾಡಿದಂತಾಗುವುದಿಲ್ಲ.

ಮೂರನೆಯದು, ಕಲಾವಿದರಿಗೆ ಪ್ರಶಸ್ತಿ, ಮಾಸಾಶನ ಕೊಡುತ್ತಿದ್ದೇವಲ್ಲ ಎಂಬ ಸರ್ಕಾರದ ಸಮಜಾಯಿಷಿ. ಪ್ರಶಸ್ತಿ ಒಬ್ಬರಿಗೆ, ಹಸಿವು ಎಲ್ಲರಿಗೆ. ಮಾಸಾಶನ ಅರ್ಜಿ ಹಾಕಿ, ಶಿಫಾರಸು ಹಿಡಿದು, ಕಛೇರಿ ಕಛೇರಿ ಅಲೆದು ಪಡೆಯುವ ಭಿಕ್ಷೆಯಾಗಬಾರದು. ದುಡಿದವನಿಗೆ ಬೇಕಾದದ್ದು ಹಕ್ಕು.

ಇದು ಬೆಂಗಳೂರಿನ ಕಥೆ, ನಮಗೇನು ಎಂದು ದಾವಣಗೆರೆಯವರು ಅನ್ನುವಂತಿಲ್ಲ. ವಿಷ್ಣುವರ್ಧನ್ ತೀರಿಕೊಂಡದ್ದು ೨೦೦೯ರ ಡಿಸೆಂಬರ್ ೩೦ರಂದು. ಮೂರು ವಾರ ಕಳೆಯುವಷ್ಟರಲ್ಲಿ, ೨೦೧೦ರ ಜನವರಿ ೧೮ರಂದು, 'ನಾಗರಹಾವು' ಚಿತ್ರದ ಚಾಮಯ್ಯ ಮೇಷ್ಟ್ರು ಕೆ.ಎಸ್. ಅಶ್ವಥ್ ಹೋದರು. ಮೂರು ದಿನ ಬಿಟ್ಟು ನಮ್ಮ ದಾವಣಗೆರೆಯ ಮಗಳು ಚಿಂದೋಡಿ ಲೀಲಾ ಹೋದರು. ತಂದೆಯ ಕೆ.ಬಿ.ಆರ್. ನಾಟಕ ಕಂಪೆನಿಯಲ್ಲಿ ಬೆಳೆದು, ಕಂಪೆನಿಯನ್ನು ಹೊತ್ತು ನಾಡೆಲ್ಲ ತಿರುಗಿ, 'ಶರಪಂಜರ'ದಂಥ ಚಿತ್ರಗಳಲ್ಲಿ ಪೋಷಕ ಪಾತ್ರ ಮಾಡಿ, ೧೯೮೮ರಲ್ಲಿ ಪದ್ಮಶ್ರೀ ಪಡೆದ ಹೆಣ್ಣುಮಗಳು. ನಾಯಕನ ಸಮಾಧಿಗಾಗಿ ಹದಿನೈದು ವರ್ಷ ಜಗಳ ನಡೆಯಿತು. ಲೀಲಾ ಅವರ ಡೇರೆಯಲ್ಲಿ ಪರದೆ ಎಳೆದವರು, ಹಾರ್ಮೋನಿಯಂ ನುಡಿಸಿದವರು, ಗೇಟು ಕಾದವರು, ಮುದಿತನದಲ್ಲಿ ಎಲ್ಲಿ ಹೇಗಿದ್ದಾರೆ ಎಂದು ಕೇಳಲು ಒಂದು ದಿನದ ಸಭೆಯಾದರೂ ಸೇರಿತೇ?

ಮಿಲ್ಲಿನ ಜನಕ್ಕೆ ಇದರ ಅರ್ಥ ಬಿಡಿಸಿ ಹೇಳಬೇಕಾಗಿಲ್ಲ. ಒಂದು ಕಾಲಕ್ಕೆ ಕರ್ನಾಟಕದ ಮ್ಯಾಂಚೆಸ್ಟರ್ ಎನ್ನಿಸಿಕೊಂಡ ಊರು ದಾವಣಗೆರೆ. ಸೈರನ್ ಕೂಗಿಗೆ ಊರೇ ಎದ್ದು ನಡೆಯುತ್ತಿತ್ತು. ಇಂದು ಡಿ.ಸಿ.ಎಂ. ಎಂಬ ಮೂರಕ್ಷರ ಬಡಾವಣೆಯ ಹೆಸರಿನಲ್ಲಿ ಕೇಳಿಸುತ್ತದೆ. ಹರಿಹರದಲ್ಲಿ ೧೯೪೧ರಲ್ಲಿ ಹುಟ್ಟಿ ಲೇತು ಯಂತ್ರಗಳಿಗೆ ಹೆಸರಾದ ಮೈಸೂರು ಕಿರ್ಲೋಸ್ಕರ್ ಈ ಶತಮಾನದ ಆರಂಭದಲ್ಲಿ ಬಾಗಿಲು ಹಾಕಿತು. ಯಂತ್ರ ನಿಂತಿತು, ನೆಲಕ್ಕೆ ಬೆಲೆ ಬಂತು: ಮಿಲ್ಲಿಗೂ ಸ್ಟುಡಿಯೋಗೂ ಒಂದೇ ಹಣೆಬರಹ. ಆದರೂ ಒಂದು ಭೇದವುಂಟು. ಮಿಲ್ಲಿನ ಕಾರ್ಮಿಕನ ಕೈಯಲ್ಲಿ ಹಾಜರಿಯ ದಾಖಲೆ, ಪಿ.ಎಫ್. ನಂಬರು, ಇ.ಎಸ್.ಐ. ಚೀಟಿ ಇತ್ತು. ಅದನ್ನು ಹಿಡಿದು ಕೋರ್ಟಿನ ಮೆಟ್ಟಿಲು ಹತ್ತಲು ಸಾಧ್ಯವಿತ್ತು. ದಿನಗೂಲಿಗೆ ಬಂದು ಹೋಗುವ ನಟನ ಕೈಯಲ್ಲಿ ಏನಿದೆ? ಗೋಡೆಗೆ ಹಚ್ಚಿದ ಪೋಸ್ಟರು. ಅದರಲ್ಲೂ ಅವನ ಮುಖ ಕೊನೆಯ ಮೂಲೆಯಲ್ಲಿ.

ಕಾನೂನು ಇರಲಿಲ್ಲವೇ ಎಂದರೆ, ಇತ್ತು. ೧೯೮೧ರಲ್ಲಿ ಕೇಂದ್ರ ಸರ್ಕಾರ ಚಿತ್ರಗಳ ಮೇಲೆ ಸೆಸ್ಸು ಹಾಕಿ, ಸಿನಿಮಾ ಕಾರ್ಮಿಕರ ಕಲ್ಯಾಣ ನಿಧಿ ಮಾಡಿತು. ಜಿ.ಎಸ್.ಟಿ. ಬರುವ ಹೊತ್ತಿಗೆ ಆ ಸೆಸ್ಸನ್ನು ತೆಗೆದುಹಾಕಿದರು. ನಮ್ಮ ಬೀಡಿ ಕಟ್ಟುವ ಹೆಣ್ಣುಮಕ್ಕಳ ಕಲ್ಯಾಣ ಸೆಸ್ಸು ಹೋದದ್ದೂ ಅದೇ ದಿನಗಳಲ್ಲಿ. ತೆರಿಗೆ ಸರಳವಾಯಿತು ಎಂದರು. ಬಡವರ ಪಾಲಿಗೆ ಶೂನ್ಯವಾಯಿತು.

೨೦೨೪ರಲ್ಲಿ ಕರ್ನಾಟಕದ ಶಾಸನಸಭೆ ಸಿನಿಮಾ ಮತ್ತು ಸಾಂಸ್ಕೃತಿಕ ಕಾರ್ಯಕರ್ತರ ಕ್ಷೇಮಾಭಿವೃದ್ಧಿಗಾಗಿ ಮಸೂದೆ ಒಪ್ಪಿತು. ಟಿಕೇಟಿನ ಮೇಲೆ ನೂರಕ್ಕೆ ೧ರಿಂದ ೨ ರೂಪಾಯಿ ಸೆಸ್ಸು, ಅದರಿಂದ ನಿಧಿ, ನಿಧಿಗೊಂದು ಮಂಡಳಿ. ಫೋನಿನಲ್ಲಿ ಚಿತ್ರ ತೋರಿಸುವ ಕಂಪೆನಿಗಳ ಚಂದಾಹಣಕ್ಕೂ ಇದು ಅನ್ವಯ. ಒಳ್ಳೆಯ ಹೆಜ್ಜೆ. ಕಟ್ಟಡ ಕಾರ್ಮಿಕರ ಕಾರ್ಡು ನೋಡಿದವರಿಗೆ ಇದರ ಮರ್ಮ ಗೊತ್ತು: ಕಟ್ಟುವವನ ಖರ್ಚಿನ ಒಂದು ಪಾಲು ದುಡಿಯುವವನ ನಿಧಿಗೆ. ಆದರೆ ಅದರ ಮರ್ಮದ ಜತೆಗೆ ಅದರ ಮೋಸವೂ ಗೊತ್ತು. ನಿಧಿಯಲ್ಲಿ ಹಣ ತುಂಬಿದರೂ ಕಾರ್ಡು ಮಾಡಿಸಲು ದಲ್ಲಾಳಿ ಬೇಕಾದರೆ ಆ ನಿಧಿ ಯಾರಿಗಾಗಿ?

ವ್ಯಾಪಾರಸ್ಥ ಮಿತ್ರರು, ಮತ್ತೊಂದು ತೆರಿಗೆಯೇ ಎಂದು ಹುಬ್ಬೇರಿಸಬಹುದು. ಲೆಕ್ಕ ಹಾಕಿ ನೋಡಿ. ೧೫೦ ರೂಪಾಯಿ ಟಿಕೇಟಿಗೆ ಹೆಚ್ಚೆಂದರೆ ೩ ರೂಪಾಯಿ. ಚಿತ್ರಮಂದಿರದೊಳಗೆ ಒಂದು ಪೊಟ್ಟಣ ಮೆಕ್ಕೆಜೋಳದ ಅರಳಿಗೆ ಎಷ್ಟು ವಸೂಲು ಮಾಡುತ್ತಾರೆಂಬುದು ನಿಮಗೂ ಗೊತ್ತು, ನಮಗೂ ಗೊತ್ತು. ಅಲ್ಲಿ ಬಾಯಿ ಮುಚ್ಚಿ ಕೊಡುವವರು, ನಗಿಸಿದವನ ಮುಪ್ಪಿಗೆ ೩ ರೂಪಾಯಿ ಕೊಡಲು ಕೊಸರಾಡಬಾರದು.

ಆದ್ದರಿಂದ ನಮ್ಮ ಒತ್ತಾಯ ಸ್ಪಷ್ಟವಾಗಿದೆ. ಅಭಿಮಾನ್ ಸ್ಟುಡಿಯೋದ ನೆಲವನ್ನು ಸರ್ಕಾರ ಪಡೆಯುವುದಾದರೆ, ಅದು ಬಾಲಣ್ಣನ ಹೆಸರಿನಲ್ಲಿ ಚಿತ್ರ ಕಾರ್ಮಿಕರ ಕೆಲಸಕ್ಕೇ ಮೀಸಲಾಗಬೇಕು. ಒಂದು ಗುಂಟೆಯೂ ಸೈಟಾಗಬಾರದು. ಕ್ಷೇಮ ಮಂಡಳಿಯಲ್ಲಿ ನಿರ್ಮಾಪಕರು ಅಧಿಕಾರಿಗಳು ಮಾತ್ರ ಕೂಡದೆ, ಬಣ್ಣ ಹಚ್ಚುವವರಿಂದ ದೀಪ ಹಿಡಿಯುವವರ ತನಕ ದುಡಿಯುವವರ ಪ್ರತಿನಿಧಿಗಳು ಇರಬೇಕು. ನೋಂದಣಿಗಾಗಿ ಬೆಂಗಳೂರಿಗೆ ಅಲೆಸಬಾರದು: ಹರಿಹರ ತಾಲ್ಲೂಕಿನ ಕೊಂಡಜ್ಜಿಯಲ್ಲಿ ವೃತ್ತಿ ರಂಗಭೂಮಿಗೆಂದೇ ರಂಗಾಯಣ ಮಾಡಿದ್ದಾರಲ್ಲ, ಅಲ್ಲಿಯೇ ಕಂಪೆನಿ ಕಲಾವಿದರ ಪಟ್ಟಿ ಬರೆಯಲಿ, ಕಾರ್ಡು ಕೊಡಲಿ. ಡೇರೆಯ ಆಳಿಗೂ ತೆರೆಯ ನಟನಿಗೂ ಒಂದೇ ಹಕ್ಕು ಸಿಗಲಿ.

ಕಿವಿ ಕೇಳದ ಬಾಲಣ್ಣ ಎದುರಿನವರ ತುಟಿ ನೋಡಿ ಮಾತು ತಿಳಿಯುತ್ತಿದ್ದರು. ವಿಧಾನಸೌಧದಲ್ಲಿ ಕೂತವರಿಗೆ ಕಿವಿ ಚೆನ್ನಾಗಿಯೇ ಇದೆ. ಕೇಳಿಸಿಕೊಳ್ಳುವಂತೆ ಕೂಗುವ ಕೆಲಸ ನಮ್ಮದು, ನಿಮ್ಮದು.