ಮೊದಲು ಆಲಿಸೋಣ

ಬೆಂಗಳೂರಿನ ಸಾಕ್ಷ್ಯಚಿತ್ರ ನಿರ್ದೇಶಕಿ ದೀಪಾ ಧನರಾಜ್ 1980ರ ದಶಕದ ಆರಂಭದಲ್ಲಿ ಯುಗಾಂತರ್ ಬಳಗದೊಂದಿಗೆ ನಿಪ್ಪಾಣಿಯ ತಂಬಾಕು ಕಾರ್ಮಿಕ ಮಹಿಳೆಯರ ನಡುವೆ ಇದ್ದು, ಅವರೊಡನೆ ಚರ್ಚಿಸಿಯೇ ಚಿತ್ರ ರೂಪಿಸಿದರು. ತಮಿಳುನಾಡಿನ ಮುಸ್ಲಿಮ್ ಮಹಿಳೆಯರ ಜಮಾಅತ್ ಕುರಿತ ಅವರ 2011ರ ‘ಇನ್‌ವೋಕಿಂಗ್ ಜಸ್ಟಿಸ್’ ಕೂಡ ನೊಂದವರ ಮಾತನ್ನೇ ಮುಂದಿಡುತ್ತದೆ. ಪುರುಷರ ಜಮಾಅತ್‌ಗಳಲ್ಲಿ ಸ್ತ್ರೀಯರ ಅನುಪಸ್ಥಿತಿಯಲ್ಲೇ ಅವರ ಬದುಕು ತೀರ್ಮಾನವಾಗುತ್ತಿದ್ದುದು ಅದರ ಹಿನ್ನೆಲೆ.

ಇದು ಸಮುದಾಯದ ನಿಂದೆಯೆಂದು ಕೆಲವರಿಗೆ ಅನಿಸಬಹುದು. ನನಗೆ ಹಾಗನಿಸದು. ಪತಿಯ ವಿಷಯದಲ್ಲಿ ಪ್ರವಾದಿವರ್ಯರೊಡನೆ(ಸ) ವಾದಿಸಿದ ಮಹಿಳೆಯ ಅಳಲನ್ನು ಅಲ್ಲಾಹನು ಆಲಿಸಿದನೆಂಬ ಘೋಷಣೆಯಿಂದಲೇ ಪವಿತ್ರ ಕುರ್‌ಆನಿನ 58ನೆಯ ಅಧ್ಯಾಯ ಆರಂಭವಾಗುತ್ತದೆ.

ನಿಪ್ಪಾಣಿಯ ಆ ಕಾರ್ಮಿಕರಂತೆ ಇಂದು ಪೀಣ್ಯದ ಗಾರ್ಮೆಂಟ್ಸ್‌ನಲ್ಲಿ ದುಡಿದು ಸಂಸಾರ ಹೊರುವ ನಮ್ಮ ಸಹೋದರಿಗೆ, ಮೊಹಲ್ಲಾದ ಜಮಾಅತ್‌ನೆದುರು ತನ್ನ ಅಳಲನ್ನು ತಾನೇ ಹೇಳಿಕೊಳ್ಳುವ ಅವಕಾಶವಿದೆಯೇ? ಒಂದು ಕ್ಯಾಮೆರಾ ಆಲಿಸಿದಷ್ಟಾದರೂ ನಾವು ಆಲಿಸಬೇಡವೇ?